ಮೂಕ ನ್ಯೂಸ್‌ರೀಲ್ ನೋಡೋದು ಹೇಗೆ: ಡೊಂಬಿವಲಿಯಿಂದ ಒಬ್ಬ ಲ್ಯಾಬ್‌ನವನ ಟಿಪ್ಪಣಿ

ನಾನು ಮುಂಬೈಯ ಒಂದು ಫಿಲ್ಮ್ ಲ್ಯಾಬ್‌ನಲ್ಲಿ ನೆಗೆಟಿವ್ ಕಟಿಂಗ್, ಅಂದರೆ ಮೂಲ ಫಿಲ್ಮನ್ನು ಕತ್ತರಿಸಿ ಜೋಡಿಸುವ ಕೆಲಸ, ಮಾಡುತ್ತಿದ್ದವನು. ಊರು ಕುಂದಾಪುರದ ಹತ್ತಿರ, ಮನೆ ಮುಂಬೈ ಪಕ್ಕದ ಡೊಂಬಿವಲಿ. ಎಲ್ಲ ಕಡೆ ಡಿಜಿಟಲ್ ಬಂದು ಫಿಲ್ಮಿನ ಕೆಲಸ ನಿಂತಿತು. ಕೈ ಮಾತ್ರ ಸುಮ್ಮನಿರಲಿಲ್ಲ. ಹಾಗಾಗಿ ಭಾನುವಾರ ಸಂಜೆ ನಮ್ಮ ಸೊಸೈಟಿಯ ಹಾಲಿನಲ್ಲಿ ನೂರು ವರ್ಷ ಹಳೆಯ ನ್ಯೂಸ್‌ರೀಲುಗಳನ್ನು, ಅಂದರೆ ಆಗ ಥಿಯೇಟರುಗಳಲ್ಲಿ ತೋರಿಸುತ್ತಿದ್ದ ಪುಟ್ಟ ಸುದ್ದಿ ಚಿತ್ರಗಳನ್ನು, ಹಾಕುತ್ತೇನೆ. ನೋಡಲು ಬರುವವರು ಹೆಚ್ಚಾಗಿ ನಮ್ಮವರೇ. ಹೋಟೆಲ್‌ನಲ್ಲಿ ದುಡಿದು ಈಗ ಮನೆಯಲ್ಲಿರುವವರು, ಬ್ಯಾಂಕಿನವರು, ಹುಬ್ಬಳ್ಳಿ ಕಡೆಯಿಂದ ರೈಲ್ವೆ ಕೆಲಸಕ್ಕೆ ಬಂದವರು, ಅವರ ಮೊಮ್ಮಕ್ಕಳು. ಬೇರೆ ಕಡೆಯ ಕನ್ನಡ ಸಂಘದವರು "ನಾವೂ ಮಾಡಬೇಕು, ಹೇಗೆ ಶುರು ಮಾಡೋದು" ಅಂತ ಕೇಳುತ್ತಿರುತ್ತಾರೆ. ಒಬ್ಬೊಬ್ಬರಿಗೂ ಫೋನಿನಲ್ಲಿ ಹೇಳಿ ಗಂಟಲು ಒಣಗಿತು. ಅದಕ್ಕೇ ಬರೆದಿಡುತ್ತಿದ್ದೇನೆ.

ಮೊದಲೇ ಹೇಳಿಬಿಡುತ್ತೇನೆ. ಈ ರೀಲುಗಳಲ್ಲಿರುವ ಸುದ್ದಿ ಹಳಸಿಹೋಗಿದೆ. ಯಾವ ದೊರೆ ಯಾವ ಸೇತುವೆಯ ರಿಬ್ಬನ್ ಕತ್ತರಿಸಿದ ಎಂಬುದು ಇವತ್ತು ಯಾರಿಗೂ ಬೇಡ. ದೊರೆಯ ಹಿಂದೆ ಗಾಡಿ ನಿಲ್ಲಿಸಿಕೊಂಡು ಕಾಯುತ್ತಿರುವ ಹಾಲಿನವನನ್ನು ನೋಡಿ. ಅವನ ಕ್ಯಾನು, ಅವನ ಬೂಟು, ಅವನ ಕುದುರೆಯ ಮುಖಕ್ಕೆ ಕಟ್ಟಿದ ಮೇವಿನ ಚೀಲ ನೋಡಿ. ಸುದ್ದಿಯ ಪಕ್ಕದಲ್ಲಿ ಏನಿದೆ ಎಂದು ಹುಡುಕುವುದೇ ಕೆಲಸ. ಉಳಿದದ್ದೆಲ್ಲ ಅದಕ್ಕೆ ತಯಾರಿ.

ಯಾವುದನ್ನು ಆರಿಸಬೇಕು

ವಾರವಾರ ಬರುವ ನ್ಯೂಸ್‌ರೀಲು ಶುರುವಾದದ್ದು ಪ್ಯಾರಿಸ್‌ನಲ್ಲಿ, ಪಾಥೆ ಕಂಪನಿಯಿಂದ, 1908-09ರ ಹೊತ್ತಿಗೆ. 1910ರಲ್ಲಿ ಪಾಥೆಯದೇ ರೀಲು ಇಂಗ್ಲೆಂಡಿಗೂ ಬಂತು. ಗೋಮೋಂ ಕಂಪನಿ ಪೈಪೋಟಿಗೆ ಇಳಿಯಿತು. 1911ರಲ್ಲಿ ಲಂಡನ್ನಿನ ಟಾಪಿಕಲ್ ಬಜೆಟ್ ಎಂಬ ನ್ಯೂಸ್‌ರೀಲು ಬಂತು. 1927ರಲ್ಲಿ ಅಮೆರಿಕದ ಫಾಕ್ಸ್ ಮೂವಿಟೋನ್ ಸುದ್ದಿಗೆ ಸದ್ದು ಸೇರಿಸಿತು. ಅಲ್ಲಿಗೆ ಮೂಕ ಸುದ್ದಿಯ ಕಾಲ ಮುಗಿಯುತ್ತಾ ಬಂತು. ಅಂದರೆ ಹೆಚ್ಚುಕಡಿಮೆ 20 ವರ್ಷದ ಆಟ ಇದು. ಅದಕ್ಕೂ ಮುಂಚಿನವು ಸಿನಿಮಾದ ಮೊದಲಿಗರಾದ ಫ್ರಾನ್ಸಿನ ಲೂಮಿಯೇರ್ ಅಣ್ಣತಮ್ಮಂದಿರ ಪುಟ್ಟ ತುಣುಕುಗಳು, ಒಂದೊಂದು ಸುಮಾರು 50 ಸೆಕೆಂಡು. ಅವುಗಳನ್ನು ಮುಂಬೈಯಲ್ಲಿ ಮೊದಲು ತೋರಿಸಿದ್ದು 1896ರ ಜುಲೈ 7ರಂದು, ಕಾಲಾ ಘೋಡಾದ ವಾಟ್ಸನ್ ಹೋಟೆಲ್‌ನಲ್ಲಿ. ಟಿಕೆಟ್ ಒಂದು ರೂಪಾಯಿ. ಆಗಿನ ಒಂದು ರೂಪಾಯಿ ಅಂದರೆ ಸುಮ್ನೆ ಅಲ್ಲ ಮಾರಾಯ್ರೇ. ಆ ಕಬ್ಬಿಣದ ಕಟ್ಟಡ ಈಗಲೂ ಅಲ್ಲೇ ನಿಂತಿದೆ.

ನಮ್ಮ ಮುಂಬೈಯವರೂ ಹಿಂದೆ ಬಿದ್ದಿರಲಿಲ್ಲ. ಹರಿಶ್ಚಂದ್ರ ಸಖಾರಾಮ್ ಭಾಟವಡೇಕರ್ ಎಂಬವರು, ಜನ ಕರೆಯುತ್ತಿದ್ದದ್ದು ಸಾವೇ ದಾದಾ ಎಂದು, ಇಂಗ್ಲೆಂಡಿನಿಂದ ಕ್ಯಾಮೆರಾ ತರಿಸಿ 1899ರಲ್ಲಿ ಹ್ಯಾಂಗಿಂಗ್ ಗಾರ್ಡನ್‌ನಲ್ಲಿ ಒಂದು ಕುಸ್ತಿಯನ್ನು ಚಿತ್ರಿಸಿದರು. ಕೇಂಬ್ರಿಜ್‌ನ ಗಣಿತ ಪರೀಕ್ಷೆಯಲ್ಲಿ ಮೊದಲ ಸ್ಥಾನ ಪಡೆದ ಆರ್. ಪಿ. ಪರಾಂಜಪೆ 1901ರ ಡಿಸೆಂಬರ್‌ನಲ್ಲಿ ಊರಿಗೆ ಮರಳಿದಾಗ ಆ ಸ್ವಾಗತವನ್ನೂ ಚಿತ್ರಿಸಿದರು. ಭಾರತದ ಮೊದಲ ನ್ಯೂಸ್‌ರೀಲು ಅದೇ ಎನ್ನುತ್ತಾರೆ. ಆ ಫಿಲ್ಮು ಉಳಿದಿಲ್ಲ, ಹುಡುಕಲು ಹೋಗಬೇಡಿ.

ಉಳಿದದ್ದೇ ಬೇಕಾದಷ್ಟಿದೆ. ಬ್ರಿಟಿಷ್ ಪಾಥೆಯವರು 2014ರಲ್ಲಿ 85,000 ತುಣುಕುಗಳನ್ನು ಯೂಟ್ಯೂಬಿಗೆ ಹಾಕಿದರು. ಅಲ್ಲಿ ಪ್ರಧಾನಿ, ರಾಜ, ಯುದ್ಧ ಅಂತ ಹುಡುಕಬೇಡಿ. ಅಡುಗೆ ಮನೆ, ಬಟ್ಟೆ ಒಗೆಯುವುದು, ಅಂಚೆ, ಮೀನು ಮಾರ್ಕೆಟ್, ಟ್ರಾಮು ಅಂತ ಹುಡುಕಿ. ಪಾಥೆಯವರು 1921ರಿಂದ ಹೆಂಗಸರಿಗೆಂದೇ ಒಂದು ರೀಲು ಹೊರಡಿಸುತ್ತಿದ್ದರು, ಈವ್ಸ್ ಫಿಲ್ಮ್ ರಿವ್ಯೂ ಅಂತ. ಹೊಸ ಟೋಪಿ, ಹೊಸ ಯಂತ್ರ, ಹೊಸ ಹುಚ್ಚು ಎಲ್ಲ ಅದರಲ್ಲಿದೆ. ನನ್ನ ಪಾಲಿಗೆ ಚಿನ್ನದ ಗಣಿ ಅದು.

ಇನ್ನೊಂದು, ಮಿಚೆಲ್ ಮತ್ತು ಕೆನ್ಯನ್. ಇಂಗ್ಲೆಂಡಿನ ಬ್ಲ್ಯಾಕ್‌ಬರ್ನ್‌ನ ಈ ಇಬ್ಬರು 1900ರ ಆಸುಪಾಸಿನಲ್ಲಿ ಗಿರಣಿಯ ಗೇಟಿನ ಮುಂದೆ ಕ್ಯಾಮೆರಾ ಇಟ್ಟು, ಶಿಫ್ಟ್ ಬಿಟ್ಟು ಹೊರಬರುವ ಕೆಲಸಗಾರರನ್ನು ಚಿತ್ರಿಸುತ್ತಿದ್ದರು. ಊರಿನ ಜಾತ್ರೆಯಲ್ಲೋ ಹಾಲಿನಲ್ಲೋ ಅದನ್ನು ತೋರಿಸಿದರೆ, ತಮ್ಮ ಮುಖ ತಾವೇ ನೋಡಲು ಅದೇ ಜನ ದುಡ್ಡು ಕೊಟ್ಟು ಬರುತ್ತಿದ್ದರು. ಎಂಥಾ ಬುದ್ಧಿ ನೋಡಿ! ಸುಮಾರು 800 ನೆಗೆಟಿವ್‌ಗಳು 1994ರಲ್ಲಿ ಒಂದು ಅಂಗಡಿಯ ನೆಲಮಾಳಿಗೆಯಲ್ಲಿ ಲೋಹದ ಪೀಪಾಯಿಗಳಲ್ಲಿ ಸಿಕ್ಕವು. ನೈಟ್ರೇಟ್ ಫಿಲ್ಮು, ಬೆಂಕಿ ತಾಗಿದರೆ ಆರಿಸಲಾಗದು. ಅಷ್ಟು ವರ್ಷ ಉಳಿದದ್ದೇ ಪುಣ್ಯ. ಪುಣೆಯಲ್ಲಿ 2003ರಲ್ಲಿ ನೈಟ್ರೇಟ್ ಫಿಲ್ಮ್ ಇಟ್ಟಿದ್ದ ಕೋಣೆಗೆ ಬೆಂಕಿ ಬಿದ್ದು ನಮ್ಮ ಎಷ್ಟೋ ಹಳೆಯ ರೀಲು ಸುಟ್ಟುಹೋದವು. ಲ್ಯಾಬ್‌ನವರಿಗೆ ಅದು ಮರೆಯುವ ವಿಷಯ ಅಲ್ಲ.

ಶುರುವಿಗೆ ಎರಡು ಮೂರು ನಿಮಿಷದ ತುಣುಕು ಸಾಕು. ಉದ್ದದ್ದು ಹಾಕಿದರೆ ಜನ ನೋಡುವುದು ಬಿಟ್ಟು ಮಾತಿಗೆ ಕೂರುತ್ತಾರೆ.

ಮೊದಲು ವೇಗ, ಆಮೇಲೆ ಎಲ್ಲ

ಹಳೆಯ ರೀಲಿನಲ್ಲಿ ಜನ ಪುಟಪುಟ ಓಡಾಡುವುದನ್ನು ನೋಡಿ ನಾವು ನಗುತ್ತೇವೆ. ಅವರು ಹಾಗೆ ನಡೆಯುತ್ತಿರಲಿಲ್ಲ, ಅಲ್ವಾ? ಕ್ಯಾಮೆರಾಕ್ಕೆ ಕೈಯಿಂದ ತಿರುಗಿಸುವ ಹಿಡಿ ಇತ್ತು. ಒಂದು ಸುತ್ತಿಗೆ 8 ಫ್ರೇಮು (ಫ್ರೇಮು ಅಂದರೆ ಫಿಲ್ಮಿನ ಮೇಲಿನ ಒಂದೊಂದು ಚಿತ್ರ), ಸೆಕೆಂಡಿಗೆ ಎರಡು ಸುತ್ತು, ಅಂದರೆ 16 ಫ್ರೇಮು. ಅದನ್ನು ಸದ್ದಿನ ಸಿನಿಮಾದ 24 ಫ್ರೇಮಿನ ವೇಗದಲ್ಲಿ ಓಡಿಸಿದರೆ ಒಂದೂವರೆ ಪಟ್ಟು ಜೋರು. ಒಂದು ನಿಮಿಷದ ಕೆಲಸ 40 ಸೆಕೆಂಡಿನಲ್ಲಿ ಮುಗಿಯುತ್ತದೆ.

ಯೂಟ್ಯೂಬಿನಲ್ಲಿ ವೇಗ ಬದಲಿಸುವ ಜಾಗ ಇದೆ. ಅಲ್ಲಿ 0.75 ಇಡಿ. ಆಗ 18 ಫ್ರೇಮಿನ ವೇಗಕ್ಕೆ ಬರುತ್ತದೆ. ಇನ್ನೂ ಓಡಿದ ಹಾಗೆ ಕಂಡರೆ 0.65. ಕಣ್ಣಿನಲ್ಲೇ ಪರೀಕ್ಷೆ ಮಾಡಬಹುದು: ಯಾರಾದರೂ ಬಕೆಟ್‌ನಿಂದ ನೀರು ಚೆಲ್ಲುವುದನ್ನೋ ಮೂಟೆ ಇಳಿಸುವುದನ್ನೋ ಹುಡುಕಿ. ಬೀಳುವ ನೀರು ಸುಳ್ಳು ಹೇಳುವುದಿಲ್ಲ. ನೀರು ಸರಿ ಕಂಡರೆ ಮನುಷ್ಯರೂ ಸರಿ. 1920ರ ನಂತರದ ಕ್ಯಾಮೆರಾಮನ್‌ಗಳು ಹಿಡಿಯನ್ನು ಜೋರಾಗಿ ತಿರುಗಿಸಲು ಶುರುಮಾಡಿದರು, ಹಾಗಾಗಿ ಎಲ್ಲದಕ್ಕೂ ಒಂದೇ ಲೆಕ್ಕ ಇಲ್ಲ. ಕೆಲವರು ಸರಿಮಾಡಿಯೇ ಹಾಕಿರುತ್ತಾರೆ. ಅದನ್ನು ಮತ್ತೆ ನಿಧಾನ ಮಾಡಿದರೆ ಎಲ್ಲರೂ ಜ್ವರ ಬಂದವರ ಹಾಗೆ ನಡೆಯುತ್ತಾರೆ.

ವೇಗ ಸರಿಯಾದ ಕೂಡಲೇ ಹಾಲಿನಲ್ಲಿ ನಗು ನಿಲ್ಲುತ್ತದೆ. ತೆರೆಯ ಮೇಲಿನವರು ಮನುಷ್ಯರಾಗುತ್ತಾರೆ. ಇದೊಂದನ್ನು ಮಾಡದೆ ಬೇರೆ ಏನು ಮಾಡಿದರೂ ದಂಡ.

ಆಮೇಲೆ ಸದ್ದು ಬಂದ್ ಮಾಡಿ. ಯಾರೋ ಸೇರಿಸಿದ ಪಿಯಾನೊ ಕೇಳುತ್ತಾ ಕೂತರೆ ಎಲ್ಲಿ ಖುಷಿ ಪಡಬೇಕು, ಎಲ್ಲಿ ಮರುಗಬೇಕು ಎಂದು ಅದೇ ನಿರ್ಧರಿಸುತ್ತದೆ. ಬಣ್ಣ ಹಾಕಿ, ಮುಖ ನುಣುಪು ಮಾಡಿ, ಸೆಕೆಂಡಿಗೆ 60 ಫ್ರೇಮು ಮಾಡಿದ ವಿಡಿಯೊಗಳು ಈಗ ಜಾಸ್ತಿ. ಚೆನ್ನಾಗಿ ಕಾಣುತ್ತವೆ, ಒಪ್ಪಿದೆ. ಆದರೆ ಅದರಲ್ಲಿ ಮುಕ್ಕಾಲು ಪಾಲು ಫ್ರೇಮುಗಳು ಕಂಪ್ಯೂಟರ್ ಊಹೆ ಮಾಡಿ ತುಂಬಿದ್ದು. ಸೀರೆಯ ಬಣ್ಣವೂ ಊಹೆ. ನೋಡಿ ಖುಷಿ ಪಡಿ, ಅದನ್ನಿಟ್ಟು ಏನನ್ನೂ ಸಾಧಿಸಬೇಡಿ.

ಕಪ್ಪುಬಿಳುಪಿನ ವಿಷಯದಲ್ಲೂ ಒಂದು ಗುಟ್ಟಿದೆ. 1920ರ ದಶಕದ ಮಧ್ಯದವರೆಗೂ ಹೆಚ್ಚಾಗಿ ಬಳಸುತ್ತಿದ್ದ ಫಿಲ್ಮಿಗೆ ಕೆಂಪು ಕಾಣುತ್ತಿರಲಿಲ್ಲ. ಆರ್ಥೋಕ್ರೊಮ್ಯಾಟಿಕ್ ಅಂತ ಹೆಸರು. ಆಗಿನ ಲ್ಯಾಬ್‌ನವರು ಕೆಂಪು ದೀಪ ಹಚ್ಚಿಕೊಂಡು, ಫಿಲ್ಮು ತೊಟ್ಟಿಯಲ್ಲಿ ಮೂಡುವುದನ್ನು ಕಣ್ಣಾರೆ ನೋಡುತ್ತಾ ತೊಳೆಯುತ್ತಿದ್ದರು. ನಮಗೆ ಆ ಭಾಗ್ಯ ಇರಲಿಲ್ಲ, ಬಣ್ಣದ ನೆಗೆಟಿವ್ ಅಂದರೆ ಪೂರ್ತಿ ಕತ್ತಲೆ. ಆ ಫಿಲ್ಮಿನಲ್ಲಿ ಕೆಂಪು ಎಲ್ಲ ಕಪ್ಪು, ನೀಲಿ ಎಲ್ಲ ಬಿಳಿ. ಹಣೆಯ ಕುಂಕುಮ ಕಾಡಿಗೆ ಬೊಟ್ಟಿನ ಹಾಗೆ ಕಾಣುತ್ತದೆ. ಮದುವೆಯ ಕೆಂಪು ಸೀರೆ ಕಪ್ಪು ಸೀರೆಯಾಗುತ್ತದೆ. "ಅಯ್ಯೋ, ಮೆರವಣಿಗೆಗೆ ಇಷ್ಟು ಜನ ಕಪ್ಪು ಉಟ್ಟು ಬಂದಿದ್ದಾರಲ್ಲ" ಅಂತ ನಮ್ಮ ಅಕ್ಕಂದಿರು ಒಮ್ಮೆ ಗಾಬರಿಯಾಗಿದ್ದರು. ಆಕಾಶ ಸುಣ್ಣ ಬಳಿದಂತೆ ಬೆಳ್ಳಗಿದ್ದರೆ ಹಳೆಯ ಫಿಲ್ಮು. ಮೋಡ ಚೆನ್ನಾಗಿ ಕಂಡರೆ ಬಹುಶಃ ಆಮೇಲಿನದ್ದು.

ಒಂದೇ ತುಣುಕು, ಮತ್ತೆ ಮತ್ತೆ

ಮೊದಲ ಸಲ ಸುಮ್ನೆ ಬಿಡಿ, ಜನ ನೋಡಲಿ. ಎರಡನೇ ಸಲ ನಡುವಿನ ಭಾಗವನ್ನು ಬಿಟ್ಟು ಅಂಚುಗಳನ್ನು ಮಾತ್ರ ನೋಡಲು ಹೇಳಿ. ಎಡಗಡೆ ಕೂತವರು ಎಡ ಅಂಚು, ಬಲಗಡೆಯವರು ಬಲ ಅಂಚು. ಕ್ಯಾಮೆರಾಮನ್‌ಗೆ ಬೇಕಾದದ್ದು ನಡುವಿನಲ್ಲಿದೆ. ಅವನಿಗೆ ಬೇಡದೆ ಒಳಗೆ ಬಂದದ್ದು ಅಂಚಿನಲ್ಲಿದೆ. ಕ್ಯಾಮೆರಾ ಕಡೆಗೇ ನೋಡುತ್ತಾ ಹಿಂದೆ ಹಿಂದೆ ನಡೆಯುವ ಹುಡುಗರು ಎಲ್ಲ ದೇಶದಲ್ಲೂ ಸಿಗುತ್ತಾರೆ. ಅವರ ಕಾಲಿಗೆ ಚಪ್ಪಲಿ ಇದೆಯಾ ನೋಡಿ.

ಒಂದು ಎಚ್ಚರಿಕೆ. ಎಡ ಅಂಚಿನಲ್ಲಿ ಅಕ್ಷರವೋ ಮನುಷ್ಯನೋ ಅರ್ಧ ಕತ್ತರಿಸಿದ್ದರೆ ಪ್ರಿಂಟಿನದೇ ತೊಂದರೆ. ಮೂಕ ಚಿತ್ರದ ಫ್ರೇಮು ಫಿಲ್ಮಿನ ಪೂರ್ತಿ ಅಗಲಕ್ಕಿತ್ತು. ಸದ್ದಿನ ಕಾಲದಲ್ಲಿ ಆ ಎಡಗಡೆಯ ಪಟ್ಟಿಯನ್ನು ಸೌಂಡ್ ಟ್ರ್ಯಾಕಿಗೆ ಬಿಟ್ಟುಕೊಟ್ಟರು. ಹಳೆಯದನ್ನು ಹಾಗೇ ಕಾಪಿ ಮಾಡಿದಾಗ ಅಷ್ಟು ಚಿತ್ರ ಹೋಯಿತು. ಬೇರೆ ಕಾಪಿ ಹುಡುಕಿ.

ಮೂರನೇ ಸಲ ಕೈ ಮಾತ್ರ ನೋಡಿ. ಯಾರ ಕೈಯಲ್ಲಿ ಏನಿದೆ, ಏನು ಮಾಡುತ್ತಿದೆ. ಇಲ್ಲೇ ನಮ್ಮಲ್ಲಿ ನೋಡಲು ಬರುವವರು ಯಾವ ಪಂಡಿತರಿಗೂ ಕಮ್ಮಿ ಇಲ್ಲ. ಅಮೆರಿಕದ ಫೋರ್ಡ್ ಕಂಪನಿ 1914ರಿಂದ ತನ್ನದೇ ಸಿನಿಮಾ ವಿಭಾಗ ಇಟ್ಟುಕೊಂಡು ವಾರದ ರೀಲು ತಯಾರಿಸಿ ಥಿಯೇಟರುಗಳಿಗೆ ಹಂಚುತ್ತಿತ್ತು. ಅವರ ಕಾರ್ಖಾನೆಯ ತುಣುಕೊಂದನ್ನು ಹಾಕಿದ್ದೆ. ನಾವೆಲ್ಲ ಕಾರು ನೋಡುತ್ತಿದ್ದೆವು. ಮಾಟುಂಗದ ಹೋಟೆಲ್‌ನಲ್ಲಿ ಆಯುಷ್ಯ ಕಳೆದ ಭಟ್ಟರೊಬ್ಬರು ಹೇಳಿದರು: "ಗಮನಿಸಿದಿರಾ, ಒಬ್ಬನೂ ನಿಂತ ಜಾಗ ಬಿಡುವುದಿಲ್ಲ. ಸಾಮಾನೇ ಅವನ ಹತ್ತಿರ ಬರ್ತದೆ. ಬೆನ್ನು ಹೋಗ್ತದೆ ಹಾಗೆ ನಿಂತರೆ." 1913ರಲ್ಲಿ ಫೋರ್ಡ್ ಶುರುಮಾಡಿದ ಚಲಿಸುವ ಅಸೆಂಬ್ಲಿ ಲೈನಿನ ಒಳಗುಟ್ಟು ಅದೇ. ಬೆನ್ನಿನ ವಿಷಯ ಮಾತ್ರ ಆ ರೀಲಿನಲ್ಲಿ ಇಲ್ಲ. ಇರುವುದಾದರೂ ಹೇಗೆ, ತೆಗೆದದ್ದು ಕಂಪನಿಯೇ ಅಲ್ವಾ? ಯಾರು ತೆಗೆದರು, ಯಾರ ದುಡ್ಡು ಎಂದು ಪ್ರತಿ ತುಣುಕಿಗೂ ಕೇಳಬೇಕು.

ಕೊಡೆಯ ರೇಡಿಯೊ

ಹೊಸ ಯಂತ್ರದ ತುಣುಕುಗಳನ್ನು ಹೇಗೆ ನೋಡಬೇಕು ಎನ್ನುವುದಕ್ಕೆ ನಾನು ಯಾವಾಗಲೂ ಹಾಕುವುದು 1922ರ ಒಂದು ಪಾಥೆ ತುಣುಕು. ಇಬ್ಬರು ಹೆಂಗಸರು ಬೀದಿಯಲ್ಲಿ ಬರುತ್ತಾರೆ. ಕೈಯಲ್ಲಿ ಒಂದು ಪುಟ್ಟ ಪೆಟ್ಟಿಗೆ, ಒಂದು ಕೊಡೆ. ರಸ್ತೆ ಬದಿಯಲ್ಲಿ ಬೆಂಕಿ ಆರಿಸಲು ನೀರು ಹಿಡಿಯುವ ಕಬ್ಬಿಣದ ಕಂಬ ಇದೆ. ಪೆಟ್ಟಿಗೆಯ ವೈರನ್ನು ಅದಕ್ಕೆ ಸಿಕ್ಕಿಸುತ್ತಾರೆ. ಕೊಡೆ ಬಿಚ್ಚಿ ಎತ್ತುತ್ತಾರೆ. ಕಿವಿಗೆ ಹಿಡಿದು ಕೇಳುತ್ತಾರೆ. ಇನ್ನೊಂದು ಕಡೆ ಒಬ್ಬಳು ಮೈಕಿನ ಮುಂದೆ ಗ್ರಾಮಫೋನ್ ಹಾಕುತ್ತಾಳೆ. ಅಷ್ಟೇ.

ಇಂಟರ್‌ನೆಟ್‌ನಲ್ಲಿ ಇದನ್ನು ಜಗತ್ತಿನ ಮೊದಲ ಮೊಬೈಲ್ ಫೋನ್ ಅಂತ ಹಂಚಿದ್ದೇ ಹಂಚಿದ್ದು. ನಮ್ಮ ಹಾಲ್‌ನಲ್ಲಿದ್ದ ಮಕ್ಕಳೂ "ಮೊಬೈಲು, ಮೊಬೈಲು" ಅಂತ ಕೂಗಿದರು. ಹಿಂದಿನ ಸಾಲಿನಲ್ಲಿದ್ದ ಹುಬ್ಬಳ್ಳಿಯ ಅಜ್ಜ ಎದ್ದು ನಿಂತರು. "ಏ ತಮ್ಮಾ, ಮೊಬೈಲ್ ಅಲ್ಲೋ ಅದು. ಅರ್ಥಿಂಗ್ ಕೊಡಾಕತ್ತಾರ ನೋಡು. ನಮ್ಮನ್ಯಾಗ ರೇಡಿಯೊಕ್ಕ ನಳದ ಪೈಪಿಗೆ ವೈರ್ ಸುತ್ತಿದ್ವಿ. ಇಲ್ಲಾಂದ್ರ ಬರೇ ಗುರ್ ಗುರ್."

ಅಜ್ಜ ಹೇಳಿದ್ದು ಸರಿ. ಅದು ಕ್ರಿಸ್ಟಲ್ ರೇಡಿಯೊ. ಬ್ಯಾಟರಿ ಬೇಡ, ಗಾಳಿಯಲ್ಲಿ ಬರುವ ಅಲೆಯ ಶಕ್ತಿಯೇ ಸಾಕು. ಆದರೆ ಆ ಶಕ್ತಿ ತೀರಾ ಕಮ್ಮಿ. ಅದಕ್ಕೇ ಮೇಲೊಂದು ಏರಿಯಲ್ ಬೇಕು, ಕೆಳಗೆ ನೆಲಕ್ಕೆ ಸಂಪರ್ಕ ಬೇಕು. ಕೊಡೆ ಏರಿಯಲ್ಲು, ನೀರಿನ ಕಂಬ ಅರ್ಥು. ಮಾತಾಡುವವರು ಒಂದು ಕಡೆ, ಕೇಳುವವರು ಇನ್ನೊಂದು ಕಡೆ. ಬಿಬಿಸಿ ದಿನವಹಿ ಪ್ರಸಾರ ಶುರುಮಾಡಿದ್ದು ಅದೇ ವರ್ಷದ ನವೆಂಬರ್ 14ಕ್ಕೆ. ಆ ವರ್ಷ ಜನಕ್ಕೆ ಇದೇ ಹುಚ್ಚು. ಮುಂಬೈಯಲ್ಲಿ ಇಂಡಿಯನ್ ಬ್ರಾಡ್‌ಕಾಸ್ಟಿಂಗ್ ಕಂಪನಿಯ ಕೇಂದ್ರ ಶುರುವಾಗಲು 1927ರ ಜುಲೈ 23 ಬರಬೇಕಾಯಿತು.

ಇಂಥ ತುಣುಕು ಸಿಕ್ಕಾಗಲೆಲ್ಲ ವೈರು, ಪೈಪು, ಪಟ್ಟಿ ಎಲ್ಲಿಗೆ ಹೋಗುತ್ತದೆ ಎಂದು ಬೆರಳಿಟ್ಟು ಹಿಂಬಾಲಿಸಿ. ಈ ಕೆಲಸವನ್ನು ಮುಂಚೆ ಯಾರು ಮಾಡುತ್ತಿದ್ದರು ಎಂದು ಕೇಳಿ. ಬಟ್ಟೆ ಒಗೆಯುವ ಯಂತ್ರದ ಪಕ್ಕದಲ್ಲಿ ನಗುತ್ತಾ ನಿಂತಾಕೆ ನಿಜವಾಗಿ ಬಟ್ಟೆ ಒಗೆದವಳ ಹಾಗಿದ್ದಾಳಾ, ಅವಳ ಉಗುರು ನೋಡಿ. ಮತ್ತೊಂದು: ಇಂಥ ತುಣುಕನ್ನು ಮಕ್ಕಳ ಮುಂದೆ ಹಾಕುವ ಮುಂಚೆ ನೀವು ಕೊನೆಯವರೆಗೂ ನೋಡಿರಲೇಬೇಕು. 1912ರ ಫೆಬ್ರವರಿ 4ರಂದು ಫ್ರಾಂಜ್ ರೈಖೆಲ್ಟ್ ಎಂಬ ದರ್ಜಿ ತಾನೇ ಹೊಲಿದ ಪ್ಯಾರಾಶೂಟ್ ಅಂಗಿ ತೊಟ್ಟು ಐಫೆಲ್ ಟವರ್‌ನ ಮೊದಲ ಅಂತಸ್ತಿನಿಂದ ಹಾರಿದ. ಅಂಗಿ ಬಿಚ್ಚಿಕೊಳ್ಳಲಿಲ್ಲ, ಸತ್ತ. ಕ್ಯಾಮೆರಾಗಳು ಓಡುತ್ತಲೇ ಇದ್ದವು. ಹಾರುವ ಮುಂಚೆ ಅವನು ಕಟ್ಟೆಯ ಮೇಲೆ ನಿಂತು ತಡೆಯುವುದನ್ನು ನೋಡಲು ನನಗೆ ಇವತ್ತಿಗೂ ಆಗುವುದಿಲ್ಲ. ನಾನು ಅದನ್ನು ಹಾಕುವುದೇ ಇಲ್ಲ.

ವರ್ಷ ಹಿಡಿಯುವುದು, ಸುಳ್ಳು ಹಿಡಿಯುವುದು

ವಿಡಿಯೊದ ಕೆಳಗೆ ಬರೆದ ವರ್ಷವನ್ನು ಕಣ್ಣುಮುಚ್ಚಿ ನಂಬಬೇಡಿ. ಮುಂಬೈಯ ತುಣುಕಾದರೆ ನಾವೇ ಹಿಡಿಯಬಹುದು. ಅಪೋಲೊ ಬಂದರಿನಲ್ಲಿ ಗೇಟ್‌ವೇ ಆಫ್ ಇಂಡಿಯಾ ಪೂರ್ತಿ ಎದ್ದು ನಿಂತಿದ್ದರೆ 1924ರ ಆಸುಪಾಸು ಅಥವಾ ಆಮೇಲೆ. ಟ್ರಾಮನ್ನು ಕುದುರೆ ಎಳೆಯುತ್ತಿದೆಯಾ, ಮೇಲೆ ವೈರಿದೆಯಾ? ವಿದ್ಯುತ್ ಟ್ರಾಮು ಬಂದದ್ದು 1907ರಲ್ಲಿ, ಡಬಲ್ ಡೆಕ್ಕರ್ ಟ್ರಾಮು 1920ರಲ್ಲಿ. ಲೋಕಲ್ ಹಳಿಯ ಮೇಲೆ ಕರೆಂಟಿನ ತಂತಿ ಇದ್ದರೆ 1925ರ ನಂತರ, ವಿಟಿಯಿಂದ (ಈಗಿನ ಸಿಎಸ್‌ಎಂಟಿ ನಿಲ್ದಾಣ) ಕುರ್ಲಾಕ್ಕೆ ಮೊದಲ ವಿದ್ಯುತ್ ರೈಲು ಹೊರಟದ್ದು ಆ ವರ್ಷ ಫೆಬ್ರವರಿ 3ಕ್ಕೆ. ಬಸ್ಸು ಕಂಡರೆ 1926ರ ಜುಲೈ ಆದಮೇಲೆ. ನಮ್ಮ ರೈಲ್ವೆಯವರು ಈ ಆಟದಲ್ಲಿ ಯಾರನ್ನೂ ಗೆಲ್ಲಲು ಬಿಡುವುದಿಲ್ಲ.

ಇದರ ಉಸ್ತಾದಿ ಕೆಲಸ ನೋಡಬೇಕಾದರೆ ಸ್ಯಾನ್ ಫ್ರಾನ್ಸಿಸ್ಕೋದ ಮಾರ್ಕೆಟ್ ಸ್ಟ್ರೀಟಿನ ತುಣುಕು ಹಾಕಿ. ಟ್ರಾಮಿನ ಹಾಗೆ ಹಳಿಯ ಮೇಲೆ ಓಡುವ ಕೇಬಲ್ ಕಾರಿನ ಮುಂದೆ ಕ್ಯಾಮೆರಾ ಕಟ್ಟಿ ಬೀದಿಯುದ್ದಕ್ಕೂ ತೆಗೆದದ್ದು. 1905ರದ್ದು ಎಂದೇ ಎಲ್ಲರೂ ತಿಳಿದಿದ್ದರು. ಡೇವಿಡ್ ಕೀನ್ ಎಂಬ ಸಂಶೋಧಕರು ರಸ್ತೆಯ ಮೇಲೆ ನಿಂತ ಮಳೆನೀರು, ಕಾರುಗಳ ನಂಬರ್ ಪ್ಲೇಟು, ಆಗಿನ ಪತ್ರಿಕೆ ಎಲ್ಲ ತಾಳೆ ನೋಡಿ ಅದು 1906ರ ಏಪ್ರಿಲ್‌ನದ್ದು ಎಂದು ತೋರಿಸಿದರು. ಕೆಲವೇ ದಿನದಲ್ಲಿ, ಏಪ್ರಿಲ್ 18ರ ಭೂಕಂಪಕ್ಕೆ, ಅದರ ಹಿಂದೆಯೇ ಎದ್ದ ಬೆಂಕಿಗೆ ಆ ಬೀದಿಯ ಬಹುಪಾಲು ಹಾಳಾಯಿತು. ಅದೇ ತುಣುಕಿನಲ್ಲಿ ಇನ್ನೊಂದು ಮಜಾ ಇದೆ. ಕಾರುಗಳನ್ನು ಒಂದೊಂದಾಗಿ ಗುರುತಿಟ್ಟು ನೋಡಿ. ಕೆಲವು ಕಾರು ಸುತ್ತು ಹಾಕಿ ಮತ್ತೆ ಮತ್ತೆ ಕ್ಯಾಮೆರಾ ಮುಂದೆ ಬರುತ್ತವೆ, ಬೀದಿ ತುಂಬಿದಂತೆ ಕಾಣಲಿ ಎಂದು. ಮಕ್ಕಳಿಗೆ ಈ ಕೆಲಸ ಕೊಡಿ, ದೊಡ್ಡವರಿಗಿಂತ ಬೇಗ ಹಿಡಿಯುತ್ತಾರೆ.

ಪೂರ್ತಿ ಸುಳ್ಳೂ ಇದೆ. 1902ರಲ್ಲಿ ಇಂಗ್ಲೆಂಡಿನ ದೊರೆ ಏಳನೇ ಎಡ್ವರ್ಡ್‌ನ ಪಟ್ಟಾಭಿಷೇಕವನ್ನು, ನಿಜವಾದದ್ದು ನಡೆಯುವ ಮುಂಚೆಯೇ, ಜಾರ್ಜ್ ಮೆಲಿಯೆಸ್ ಎಂಬ ನಿರ್ದೇಶಕ ಫ್ರಾನ್ಸಿನ ತನ್ನ ಸ್ಟುಡಿಯೊದಲ್ಲಿ ನಟರನ್ನಿಟ್ಟು ತೆಗೆದಿದ್ದ. ಆದರೆ ನನಗೆ ಇದಕ್ಕಿಂತ ಜಾಸ್ತಿ ಕಾಡುವುದು ಬಿಟ್ಟುಹೋದ ಸಂಗತಿ. 1921ರ ನವೆಂಬರ್ 17ಕ್ಕೆ ವೇಲ್ಸ್ ರಾಜಕುಮಾರ ಮುಂಬೈಗೆ ಬಂದಿಳಿದ. ಸ್ವಾಗತದ ರೀಲು ನೋಡಿದರೆ ಏನು ವೈಭವ! ಅದೇ ದಿನ ಪರೇಲ್ ಕಡೆ ಗಾಂಧಿಯವರ ಮುಂದೆ ವಿದೇಶಿ ಬಟ್ಟೆಯ ರಾಶಿಗೆ ಬೆಂಕಿ ಇಟ್ಟರು. ಊರಲ್ಲಿ ಗಲಭೆ ಎದ್ದು, ಮುಗಿಯುವ ಹೊತ್ತಿಗೆ 50ಕ್ಕೂ ಹೆಚ್ಚು ಜನ ಸತ್ತಿದ್ದರು. ಮೆರವಣಿಗೆಯ ರೀಲಿನಿಂದ ಅದು ಗೊತ್ತೇ ಆಗುವುದಿಲ್ಲ. ಹಾಗಾಗಿ ದಿನಾಂಕ ಸಿಕ್ಕ ಕೂಡಲೇ ಅದೇ ದಿನದ ಪತ್ರಿಕೆಯಲ್ಲಿ ಏನಿತ್ತು ಎಂದು ಹುಡುಕುವ ಅಭ್ಯಾಸ ಮಾಡಿಕೊಳ್ಳಿ.

ಹಾಲ್‌ನಲ್ಲಿ ವ್ಯವಸ್ಥೆ

ಇದಕ್ಕೆ ಹೆಚ್ಚು ಹೇಳುವುದಿಲ್ಲ. ಲ್ಯಾಪ್‌ಟಾಪು, ದೊಡ್ಡ ಟಿವಿ, ನಡುವೆ ಒಂದು ಉದ್ದದ ಕೇಬಲ್. ಪ್ರೊಜೆಕ್ಟರ್ ಆದರೆ ಬಿಳಿ ಗೋಡೆಯೇ ಸಾಕು, ಬೆಡ್‌ಶೀಟ್ ಕಟ್ಟಿದರೆ ಫ್ಯಾನಿಗೆ ಹಾರಾಡುತ್ತದೆ. ನಿಲ್ಲಿಸುವ ಬಟನ್ ನಿಮ್ಮ ಕೈಯಲ್ಲಿರಲಿ, ಯಾರು "ನಿಲ್ಲಿಸಿ" ಎಂದರೂ ನಿಲ್ಲಿಸಿ. ನಡುನಡುವೆ ತೆರೆಯ ಮೇಲೆ ಬರುವ ಇಂಗ್ಲಿಷ್ ಬರಹವನ್ನು ಒಬ್ಬರು ಜೋರಾಗಿ ಕನ್ನಡದಲ್ಲಿ ಹೇಳಲಿ. ಕಂಡದ್ದನ್ನು ಬರೆಯಲು ಒಂದು ನೋಟ್‌ಬುಕ್ ಇಡಿ: ಎಷ್ಟನೇ ನಿಮಿಷ, ಎಷ್ಟನೇ ಸೆಕೆಂಡು, ಏನು ಕಂಡಿತು, ಯಾರು ಕಂಡರು. ನಮ್ಮಲ್ಲಿ ಅದನ್ನು ಏಳನೇ ಕ್ಲಾಸಿನ ಹುಡುಗಿ ಬರೆಯುತ್ತಾಳೆ, ದೊಡ್ಡವರು ಎರಡೆರಡು ಸಲ ಹೇಳಿದರೂ ಒಂದೇ ಸಲ ಬರೆಯುತ್ತಾಳೆ. ಆಸಕ್ತಿ ಹತ್ತಿದ ಮೇಲೆ ಎಲ್ಲರನ್ನೂ ಪೆಡ್ಡರ್ ರೋಡಿನ ರಾಷ್ಟ್ರೀಯ ಸಿನಿಮಾ ಮ್ಯೂಸಿಯಂಗೆ ಕರೆದುಕೊಂಡು ಹೋಗಿ. 2019ರಲ್ಲಿ ತೆರೆದದ್ದು, ಹಳೆಯ ಕ್ಯಾಮೆರಾಗಳನ್ನು ಹತ್ತಿರದಿಂದ ನೋಡಬಹುದು. ಪುಣೆಯವರಿಗೆ ಲಾ ಕಾಲೇಜ್ ರೋಡಿನಲ್ಲಿ 1964ರಿಂದ ಫಿಲ್ಮ್ ಆರ್ಕೈವ್ ಇದೆ, ಅವರಿಗೆ ಬೇರೆ ದಾರಿ ಹೇಳಬೇಕಾಗಿಲ್ಲ.

ಚಹಾ ಕೊನೆಗಿಡಿ, ನಡುವೆ ಕೊಟ್ಟರೆ ಮತ್ತೆ ಕೂರಿಸುವುದು ಕಷ್ಟ. ಎಂಟು ಗಂಟೆಯೊಳಗೆ ಮುಗಿಸಿಬಿಡಿ, ಆಮೇಲೆ ಸೀರಿಯಲ್ ಶುರುವಾಗುತ್ತದೆ.